ಏಣಿ ಊರಿದ ನೆಲ

ಹೊನ್ನಾಳಿ ಸೀಮೆಯ ಹಳೆಯ ಮನೆಗಳ ಕೊಟ್ಟಿಗೆಯಲ್ಲಿ, ನೇಗಿಲು ಕುಂಟೆ ಕೂರಿಗೆಗಳನ್ನು ಒರಗಿಸಿದ ಗೋಡೆಯ ಮೇಲ್ಭಾಗಕ್ಕೆ, ಎರಡು ಗೂಟಗಳ ಆಧಾರದಲ್ಲಿ ಅಡ್ಡಲಾಗಿ ಮಲಗಿಸಿದ ಏಣಿಯೊಂದು ಇದ್ದೇ ಇರುತ್ತಿತ್ತು. ಬಿಸಿಲಿಗೆ ಹಾಕಿದರೆ ಸೀಳುತ್ತದೆ, ನೆಲಕ್ಕೆ ಹಾಕಿದರೆ ಗೆದ್ದಲು ಹಿಡಿಯುತ್ತದೆ, ಗೋಡೆಗೆ ನಿಲ್ಲಿಸಿದರೆ ಬಾಗುತ್ತದೆ ಎಂಬ ಕಾರಣಗಳಿಂದ ಅದಕ್ಕೆ ಆ ಶಯನವೇ ವಿಹಿತವಾಗಿತ್ತು. ನಮ್ಮ ಮನೆಯಲ್ಲಿ ಅಂಥವು ಎರಡಿದ್ದವು. ಒಂದು, ಇಬ್ಬದಿಯ ಗಳಗಳ ನಡುವೆ ಒಂಬತ್ತು ಅಡ್ಡಗೋಲುಗಳನ್ನು ಕೂಡಿಸಿದ ಸಾಧಾರಣ ಏಣಿ. ಇನ್ನೊಂದು, ಒಂದೇ ಬಿದಿರಿನ ಗಳದ ಗೆಣ್ಣುಗಳಲ್ಲಿದ್ದ ಕವಲುಗಳನ್ನು ಪೂರ್ತಿ ಸವರಿ ಹಾಕದೆ ಗೇಣುದ್ದ ಉಳಿಸಿ, ಅವನ್ನೇ ಮೆಟ್ಟಿಲಾಗಿಸಿಕೊಂಡ ಒಂಟಿ ಏಣಿ. ಎರಡು ಕಾಲಿನದು ಭದ್ರ, ಒಂದು ಕಾಲಿನದು ಅಪಾಯವೆಂದು ಪೇಟೆಯಲ್ಲಿ ಬೆಳೆದವರು ತಟ್ಟನೆ ಹೇಳಿಬಿಡುವರು. ವೀಳ್ಯದೆಲೆಯ ತೋಟದಲ್ಲಿ ಒಂದು ಬೆಳಗನ್ನು ಕಳೆದವರು ಹಾಗೆ ಹೇಳಲಾರರು.

ಏಣಿಯೆಂಬುದು ಬಹು ಪುರಾತನವಾದ ಮಾತು. ಕನ್ನಡ, ತಮಿಳು, ಮಲಯಾಳ, ತುಳು ಈ ನಾಲ್ಕರಲ್ಲಿಯೂ ಅದು ಒಂದೇ ರೂಪದಲ್ಲಿ ನಿಂತಿದೆ. ಹಳೆಯ ಕಾವ್ಯಗಳ ಓದುಗರಿಗೆ ನಿಚ್ಚಣಿಕೆ ಎಂಬ ಇನ್ನೊಂದು ಪದವೂ ಪರಿಚಿತವೇ. ಅದು ಸಂಸ್ಕೃತದ ನಿಃಶ್ರೇಣಿಯ ತದ್ಭವ, ತೆಲುಗರ ಬಾಯಲ್ಲಿ ನಿಚ್ಚೆನವಾಗಿ ಇಂದಿಗೂ ಬಳಕೆಯಲ್ಲಿದೆ. ನಮ್ಮಲ್ಲಿ ಮಾತ್ರ ನಿಚ್ಚಣಿಕೆ ಪುಸ್ತಕಕ್ಕೆ ಸೇರಿತು, ಏಣಿ ಕೊಟ್ಟಿಗೆಯಲ್ಲಿ ಉಳಿಯಿತು. ಗಾದೆಗಳಲ್ಲಿಯೂ ಕಾಣಿಸಿಕೊಳ್ಳುವುದು ಏಣಿಯೇ: ಅಟ್ಟ ಹತ್ತಿದ ಮೇಲೆ ಏಣಿ ಒದ್ದ ಹಾಗೆ ಎನ್ನುವರು, ಏಣಿ ಹತ್ತಿಸಿ ಕೈಬಿಟ್ಟ ಹಾಗೆ ಎನ್ನುವರು. ಎರಡನೆಯ ಗಾದೆಯಲ್ಲಿ ಕೆಳಗೆ ನಿಂತು ಏಣಿ ಹಿಡಿದವನೊಬ್ಬ ಅಡಗಿದ್ದಾನೆಂಬುದನ್ನು ಗಮನಿಸಬೇಕು. ಹತ್ತುವುದು ಒಬ್ಬನ ಕೆಲಸವಾದರೆ ಹಿಡಿಯುವುದು ಇನ್ನೊಬ್ಬನ ಕೆಲಸವೆಂದು ಭಾಷೆಯೇ ಒಪ್ಪಿಕೊಂಡಿದ್ದ ಕಾಲವದು.

ಹೊನ್ನಾಳಿ ತುಂಗಭದ್ರೆಯ ಎಡದಂಡೆಯ ಊರು. ಕೂಡಲಿಯಲ್ಲಿ ತುಂಗೆಯೂ ಭದ್ರೆಯೂ ಒಂದಾಗಿ ಉತ್ತರಾಭಿಮುಖವಾಗಿ ಹರಿದು ಬರುವ ಆ ನದಿಯ ಇಕ್ಕೆಲಗಳಲ್ಲಿ ಎರೆಭೂಮಿ ಹಬ್ಬಿದೆ. ಅಲ್ಲಿಂದ ನೈಋತ್ಯಕ್ಕೆ ನ್ಯಾಮತಿ ಬೆಳಗುತ್ತಿಗಳ ಕಡೆಗೆ ಸಾಗಿದರೆ ಗುಡ್ಡಗಳೂ ಕೆಮ್ಮಣ್ಣೂ ಕಾಣಿಸಿಕೊಂಡು ಮಲೆನಾಡಿನ ಸೆರಗು ಕಾಲಿಗೆ ತಾಗಿದಂತಾಗುವುದು. ಆಗ್ನೇಯಕ್ಕೆ ಚನ್ನಗಿರಿಯಲ್ಲಿ ಸೂಳೆಕೆರೆಯ ನೀರುಂಡ ತೋಟದ ನೆಲ. ಈಶಾನ್ಯಕ್ಕೆ ಬಹುದೂರದ ಜಗಳೂರಿನಲ್ಲಿ ಮಳೆಯ ಮುಖ ಕಾಣದ ಗರಸುಭೂಮಿ. ಇವುಗಳಲ್ಲಿ ಜಗಳೂರು ಚಿತ್ರದುರ್ಗ ಜಿಲ್ಲೆಗೂ, ಹೊನ್ನಾಳಿ ಚನ್ನಗಿರಿಗಳು ಶಿವಮೊಗ್ಗ ಜಿಲ್ಲೆಗೂ ಸೇರಿದ್ದುವು. ೧೯೯೭ರಲ್ಲಿ ದಾವಣಗೆರೆ ಜಿಲ್ಲೆ ಹುಟ್ಟಿದಾಗ ಒಂದು ಸೂರಿನಡಿಗೆ ಬಂದುವು. ನ್ಯಾಮತಿ ಹೊನ್ನಾಳಿಯಿಂದ ಬೇರ್ಪಟ್ಟು ತಾನೇ ತಾಲ್ಲೂಕಾದದ್ದು ೨೦೧೮ರಲ್ಲಿ. ಆಡಳಿತದ ಗೆರೆಗಳು ಹೀಗೆ ಆಚೀಚೆ ಸರಿದಾಡಿದರೂ, ಏಣಿ ಹಿಡಿದು ಹೊರಟವನಿಗೆ ಲೆಕ್ಕಕ್ಕೆ ಬರುತ್ತಿದ್ದ ಗೆರೆಗಳು ಮಣ್ಣಿನವು. ಬೇಸಗೆಯಲ್ಲಿ ಎರೆಹೊಲ ಮೊಳಕೈ ತೂರುವಷ್ಟು ಬಿರಿಯುತ್ತದೆ, ಮಳೆಗಾಲದಲ್ಲಿ ಬೆಣ್ಣೆಯಾಗುತ್ತದೆ. ಗರಸಿನ ಮೇಲೆ ಏಣಿಯ ಕಾಲು ಊರುವುದೇ ಇಲ್ಲ, ಉರುಳುಗಲ್ಲಿನ ಮೇಲೆ ಇಟ್ಟಂತೆ ಜಾರುತ್ತದೆ. ಮರ ಅದೇ, ಏಣಿ ಅದೇ, ನೆಲ ಮಾತ್ರ ಬೇರೆ.

ಈ ಸೀಮೆಯ ಶಾಸನಗಳನ್ನು ಬಿ. ಎಲ್. ರೈಸ್ ಅವರು ಎಪಿಗ್ರಾಫಿಯಾ ಕರ್ನಾಟಿಕದ ಏಳನೆಯ ಸಂಪುಟದಲ್ಲಿ ೧೯೦೨ರಲ್ಲಿ ಪ್ರಕಟಿಸಿದರು. ಹೊನ್ನಾಳಿ ಚನ್ನಗಿರಿ ಎರಡೂ ಅದರಲ್ಲಿವೆ. ದೇವಾಲಯಗಳಿಗೆ ಬಿಟ್ಟ ಗದ್ದೆ, ಬೆದ್ದಲು, ತೋಂಟಗಳ ಎಲ್ಲೆಗಳನ್ನು ಹಳೆಯ ಶಾಸನಕಾರರು ಕಲ್ಲಿನಿಂದ ಕಲ್ಲಿಗೆ, ಹಳ್ಳದಿಂದ ಹುತ್ತಕ್ಕೆ ಗುರುತಿಸುತ್ತ ಹೋಗುವ ಸಾವಧಾನ ಸೋಜಿಗದ್ದು. ಕಲ್ಯಾಣದ ಚಾಲುಕ್ಯರ ಕಾಲದಲ್ಲಿಯೂ ಅನಂತರ ಬೆಳಗುತ್ತಿಯ ಸಿಂದರ ಕಾಲದಲ್ಲಿಯೂ ಅಡಕೆಯೂ ಎಲೆಯೂ ಬರಿಯ ತಾಂಬೂಲಸಾಮಗ್ರಿಗಳಾಗಿರದೆ, ಹೇರುಗಳ ಲೆಕ್ಕದಲ್ಲಿ ಸಂತೆಯಿಂದ ಸಂತೆಗೆ ಸಾಗುತ್ತ ಸುಂಕ ತೆರುತ್ತಿದ್ದ ಸರಕುಗಳಾಗಿದ್ದುವು. ಎಲೆ ಇದ್ದಲ್ಲಿ ಬಳ್ಳಿ, ಬಳ್ಳಿ ಇದ್ದಲ್ಲಿ ಆಸರೆಯ ಮರ, ಮರ ಇದ್ದಲ್ಲಿ ಏಣಿ. ಶಾಸನದಲ್ಲಿ ತೋಂಟಕ್ಕೆ ಜಾಗವುಂಟು, ತೋಂಟಕ್ಕೆ ಒರಗಿದ ಏಣಿಗೆ ಇಲ್ಲ. ದಿನಬಳಕೆಯ ಸಾಮಾನುಗಳಿಗೆ ಕಲ್ಲು ಕಡೆಯುವವರು ಎಂದೂ ಅಷ್ಟು ಉದಾರಿಗಳಲ್ಲ.

ಎಲೆತೋಟದ ನೆಲವನ್ನು ಕಂಡಿರದವರಿಗೆ ಅದನ್ನು ಸ್ವಲ್ಪ ವಿವರಿಸಬೇಕು. ಸಾಲುಸಾಲಾಗಿ ಚೊಗಚೆ, ಹಾಲುವಾಣ, ನುಗ್ಗೆಯ ಗಿಡಗಳನ್ನು ಮೊದಲು ಎಬ್ಬಿಸಿ, ಅವುಗಳ ಬುಡಕ್ಕೆ ಬಳ್ಳಿ ನೆಟ್ಟು, ಬಳ್ಳಿ ಏರಿದಂತೆಲ್ಲ ಬಾಳೆಯ ನಾರಿನಿಂದ ಗಿಡಕ್ಕೆ ಕಟ್ಟುತ್ತ ಹೋಗುವರು. ವರ್ಷಕ್ಕೊಮ್ಮೆ ಆ ಬಳ್ಳಿಯನ್ನು ಕೆಳಗಿಳಿಸಿ ಸುತ್ತಿ ಮಣ್ಣಿನಲ್ಲಿ ಹುಗಿದು ಮತ್ತೆ ಏರಲು ಬಿಡುವರು. ಸಾಲಿಗೂ ಸಾಲಿಗೂ ನಡುವೆ ನೀರು ಹರಿಯುವ ಕಾಲುವೆ, ಕಾಲುವೆಯ ಪಕ್ಕದಲ್ಲಿ ಎತ್ತರಿಸಿದ ಮಡಿ. ಹೀಗಾಗಿ ತೋಟದೊಳಗೆ ಏಣಿಯ ಎರಡು ಕಾಲುಗಳಿಗೂ ಸಮನಾಗಿ ದೊರಕುವ ಒಂದು ಮೊಳ ನೆಲವೂ ಸಿಕ್ಕುವುದು ದುರ್ಲಭ: ಒಂದು ಕಾಲು ಮಡಿಯ ಮೇಲೆ, ಇನ್ನೊಂದು ಕಾಲುವೆಯ ಕೆಸರಿನಲ್ಲಿ. ಅದರ ಮೇಲೆ ತೋಟವೆಂಬುದು ಶುದ್ಧವಾದ ಸ್ಥಳ. ಎಲೆಬಳ್ಳಿಯ ಬಳಿಗೆ ಚಪ್ಪಲಿ ಮೆಟ್ಟಿ ಹೋಗುವಂತಿಲ್ಲ. ಈ ಆಚಾರದಿಂದ ಬಳ್ಳಿಗೆ ಏನು ಲಾಭವೋ ಬಲ್ಲವರು ಹೇಳಲಿ, ಏಣಿ ಹತ್ತುವವನಿಗಂತೂ ಲಾಭವಿದೆ. ಬರಿಗಾಲಿನ ಬೆರಳುಗಳು ಬಿದಿರಿನ ಮೆಟ್ಟಿಲನ್ನು ಹಿಡಿಯುವಂತೆ ಯಾವ ಜೋಡೂ ಹಿಡಿಯಲಾರದು.

ಎರಡು ಮೂರು ವಾರಗಳಿಗೊಮ್ಮೆ, ಬೆಳಗಿನ ತಂಪಿನಲ್ಲಿ, ಎಲೆ ಕೊಯ್ಯುವವರು ತೋಟಕ್ಕೆ ಇಳಿಯುತ್ತಿದ್ದರು. ಹೆಬ್ಬೆರಳಿಗೆ ಕಬ್ಬಿಣದ ಉಗುರು, ಸೊಂಟಕ್ಕೆ ಮಡಿಲಿನಂತೆ ಕಟ್ಟಿದ ಬಟ್ಟೆ, ಭುಜದ ಮೇಲೆ ಏಣಿ. ಒಂಟಿ ಏಣಿಯ ಮಹಿಮೆ ಕಾಣುವುದು ಇಲ್ಲಿಯೇ. ಒಂದೇ ಕಾಲಾದ ಕಾರಣ ಅದಕ್ಕೆ ಸಮನೆಲದ ಹಂಗಿಲ್ಲ. ಮಡಿಯಾಗಲಿ ಕಾಲುವೆಯಾಗಲಿ, ಓರೆಯಾಗಿ ಕೆತ್ತಿ ಚೂಪು ಮಾಡಿದ ಅದರ ಬುಡವನ್ನು ಗೇಣರ್ಧ ಊರಿದರೆ ಸಾಕು. ದಟ್ಟವಾಗಿ ಹಬ್ಬಿದ ಬಳ್ಳಿಗಳ ನಡುವೆ ಎಲೆ ಹರಿಯದಂತೆ ತೂರುವುದೂ ಅದಕ್ಕೆ ಸುಲಭ. ಆದರೆ ಅದಕ್ಕೊಂದು ದುರ್ಗುಣವುಂಟು: ತನ್ನ ಅಕ್ಷದ ಮೇಲೆ ತಾನೇ ತಿರುಗಿಬಿಡುವುದು. ಆದುದರಿಂದ ಅದರ ತುದಿಯನ್ನು ಆಸರೆಯ ಗಿಡಕ್ಕೆ ಹಗ್ಗದಿಂದ ಒಂದು ಸುತ್ತು ಬಿಗಿದಲ್ಲದೆ ಎರಡೂ ಕೈ ಬಿಡುವಂತಿರಲಿಲ್ಲ. ಎರಡು ಕಾಲಿನ ಏಣಿಯ ಗುಣದೋಷಗಳು ಇದಕ್ಕೆ ಸರಿಯಾಗಿ ವಿಪರೀತ. ಅದು ತಿರುಗುವುದಿಲ್ಲ, ಆದರೆ ಸಮನೆಲವನ್ನು ಬೇಡುತ್ತದೆ. ಬೇಡಿದ್ದು ಸಿಕ್ಕದಿದ್ದರೆ ಮುನಿಯುತ್ತದೆ. ಆ ಮುನಿಸಿನ ಪ್ರಮಾಣವನ್ನು ಬೆರಳೆಣಿಕೆಯಲ್ಲಿಯೇ ತಿಳಿಯಬಹುದು. ಕಾಲುಗಳ ನಡುವಣ ಅಂತರ ಒಂದು ಮೊಳ, ಎಂದರೆ ಹದಿನೆಂಟು ಅಂಗುಲ. ಏಣಿಯ ಎತ್ತರ ಹದಿನೆಂಟು ಅಡಿ. ಒಂದು ಕಾಲು ಇನ್ನೊಂದಕ್ಕಿಂತ ಒಂದೇ ಒಂದು ಅಂಗುಲ ಕುಸಿದರೆ ತುದಿಯಲ್ಲಿರುವವನು ಪಕ್ಕಕ್ಕೆ ಒಂದು ಅಡಿ ವಾಲಿರುತ್ತಾನೆ. ಆತ ಎಲೆಗಾಗಿ ಅದೇ ಮಗ್ಗುಲಿಗೆ ಕೈ ಚಾಚಿದರಂತೂ ಮಿಕ್ಕದ್ದನ್ನು ಭೂಮಿಯೇ ನೋಡಿಕೊಳ್ಳುವುದು.

ಈ ಲೆಕ್ಕವನ್ನು ನಾನು ಕಲಿತದ್ದು ಶಾಲೆಯಲ್ಲಲ್ಲ. ಹದಿನಾಲ್ಕು ವರ್ಷದವನಾಗಿದ್ದಾಗ, ಸಂಕ್ರಾಂತಿ ಕಳೆದ ಮೇಲೆ, ನಮ್ಮ ಕಣದ ಅಂಚಿನಲ್ಲಿದ್ದ ಜೋಳದ ಸೊಪ್ಪೆಯ ಬಣವೆಗೆ ಏಣಿ ಹಚ್ಚಿದೆ. ಎರೆನೆಲ, ಎಡಗಾಲಿನ ಕಡೆ ಬಿರುಕು ಬಿಟ್ಟು ತಗ್ಗಾಗಿತ್ತು. ಬುದ್ಧಿವಂತನಂತೆ ಆ ಕಾಲಿನ ಕೆಳಗೆ ಒಂದು ಚಪ್ಪಟೆಗಲ್ಲನ್ನು ಕೊಟ್ಟು, ಅಲ್ಲಾಡಿಸಿ ನೋಡಿ, ಸರಿಯಾಯಿತೆಂದು ಹತ್ತಿದೆ. ಆರನೆಯ ಮೆಟ್ಟಿಲಿಗೆ ಹೋಗುವಷ್ಟರಲ್ಲಿ ಕಲ್ಲು ಬಿರುಕಿನೊಳಗೆ ಮಗುಚಿತು, ಏಣಿ ಎಡಕ್ಕೆ ಹೊರಳಿತು, ನಾನು ಬಣವೆಯ ಮಗ್ಗುಲನ್ನು ಉಜ್ಜುತ್ತ ಜಾರಿ ಕಣದ ಸಗಣಿನೆಲದ ಮೇಲೆ ಕುಳಿತೆ. ಎಲುಬು ಮುರಿಯಲಿಲ್ಲ, ಅಂಗೈಯಲ್ಲಿ ಸೊಪ್ಪೆಯ ಸಿಬಿರು ಮುರಿದು ವಾರ ಪೂರ್ತಿ ಕೀವಾಯಿತು. ತೋಟದಲ್ಲಿ ಎಲೆ ಕೊಯ್ಯುತ್ತಿದ್ದ ಅಜ್ಜನೊಬ್ಬ ಸಪ್ಪಳ ಕೇಳಿ ಬಂದವನು ನನ್ನನ್ನು ನೋಡುವ ಮೊದಲು ಏಣಿಯ ಕಾಲನ್ನೂ ಕಲ್ಲನ್ನೂ ನೋಡಿದ. "ತಮ್ಮಾ, ತಗ್ಗಿಗೆ ಕಲ್ಲು ಕೊಡಬ್ಯಾಡ, ದಿಬ್ಬ ಕೆತ್ತು" ಎಂದ. ಎತ್ತರವಾಗಿದ್ದ ಬಲಗಡೆಯ ನೆಲವನ್ನು ಕುಡುಗೋಲಿನ ಹಿಡಿಯಿಂದ ನಾಲ್ಕು ಬೆರಳು ಕೆದಕಿ, ಏಣಿಯ ಆ ಕಾಲನ್ನು ಕುಣಿಯಲ್ಲಿ ಇಳಿಬಿಟ್ಟು, ಎಡಗಾಲನ್ನು ಬಿರುಕಿನಿಂದ ಒಂದು ಚೋಟು ಈಚೆಗೆ ಎಳೆದು ಅದಕ್ಕೂ ಒಂದು ಗುಳಿ ಮಾಡಿ, ಮೊದಲನೆಯ ಮೆಟ್ಟಿಲ ಮೇಲೆ ನಿಂತು ಎರಡು ಸಲ ಕುಪ್ಪಳಿಸಿದ. ಆಮೇಲೆ ಏಣಿಯ ಬುಡಕ್ಕೆ ಕಾಲ್ಬೆರಳು ತಾಗಿಸಿ ನೆಟ್ಟಗೆ ನಿಂತು ಎರಡೂ ತೋಳುಗಳನ್ನು ಮುಂದಕ್ಕೆ ಚಾಚಿದ. ಅಂಗೈ ಭುಜದ ಎತ್ತರದ ಅಡ್ಡಗೋಲಿಗೆ ಸರಿಯಾಗಿ ತಾಗಿತು. "ಈಗ ಹತ್ತು. ಹೊಟ್ಟೆ ಎರಡು ಗಳದ ನಡುವೆ ಇರಲಿ" ಎಂದು ಹೇಳಿ, ಬಿದ್ದರೂ ಮೀಸೆ ಮಣ್ಣಾಗಲಿಲ್ಲವೆಂದು ನನ್ನ ಮೀಸೆಯಿಲ್ಲದ ಮೊಗವನ್ನು ನೋಡಿ ನಕ್ಕು, ತೋಟಕ್ಕೆ ಹಿಂದಿರುಗಿದ.

ನಾಲ್ಕು ಅಡಿ ಎತ್ತರಕ್ಕೆ ಒಂದು ಅಡಿ ದೂರ, ಅಂದರೆ ಸುಮಾರು ೭೫ ಡಿಗ್ರಿಯ ಓಟ, ಎಂದು ಕಾರ್ಖಾನೆಗಳ ಸುರಕ್ಷತಾ ಪುಸ್ತಕಗಳಲ್ಲಿ ಓದಿದ್ದು ಬಹಳ ವರ್ಷಗಳಾದ ಮೇಲೆ. ಅಜ್ಜನ ಚಾಚಿದ ತೋಳು ಅಳೆದದ್ದೂ ಅದನ್ನೇ. ತಗ್ಗನ್ನು ತುಂಬಬೇಡ, ಉಬ್ಬನ್ನು ಅಗೆ ಎಂಬ ಮಾತೂ ಆ ಪುಸ್ತಕಗಳಲ್ಲಿದೆ. ತುಂಬಿದ ಕಲ್ಲು ಹೊರಗಿನದು, ಭಾರ ಬಿದ್ದಾಗ ಅದು ಸರಿಯಬಹುದು, ಮಗುಚಬಹುದು, ಒಡೆಯಬಹುದು. ಅಗೆದ ಗುಳಿಯಾದರೋ ಏಣಿಯ ಕಾಲನ್ನು ಸುತ್ತಲಿಂದ ಹಿಡಿದುಕೊಳ್ಳುವುದು. ತೀರ ಕೆಸರಾದಲ್ಲಿ ಮಾತ್ರ ನಮ್ಮ ತೋಟಗಳಲ್ಲಿ ಅಡಿಕೆಯ ಮರವನ್ನು ಸೀಳಿದ ದಬ್ಬೆಯೊಂದನ್ನು ಎರಡೂ ಕಾಲುಗಳ ಕೆಳಗೆ ಅಡ್ಡಲಾಗಿ ಹಾಸುತ್ತಿದ್ದರು, ಭಾರ ಹರಡಿಹೋಗಲೆಂದು. ನೀರು ಹಾಯಿಸಿದ ದಿನ ಏಣಿ ಹಾಕುತ್ತಿರಲಿಲ್ಲ.

ಏಣಿಯನ್ನು ಮಾಡಿಕೊಡುತ್ತಿದ್ದವರು ಮೇದಾರರು. ಹನ್ನೆರಡನೆಯ ಶತಮಾನದ ಶರಣರಲ್ಲಿ ಮೇದಾರ ಕೇತಯ್ಯನೆಂಬ ಒಬ್ಬ ಮಹನೀಯನಿದ್ದುದರಿಂದ ಈ ಕಾಯಕಕ್ಕೆ ನಮ್ಮ ನಾಡಿನಲ್ಲಿ ಬಡತನದ ಜೊತೆಗೆ ಒಂದು ಗೌರವವೂ ಅಂಟಿಕೊಂಡು ಬಂದಿದೆ. ಮೊರ, ಬುಟ್ಟಿ, ತಟ್ಟಿ, ಹೊಳೆ ದಾಟುವ ಹರಿಗೋಲಿನ ಹಂದರ, ಏಣಿ ಎಲ್ಲವೂ ಅವರ ಕತ್ತಿಯಿಂದಲೇ ಬರಬೇಕು. ಏಣಿಗೆ ಪೊಳ್ಳಾದ ಹೆಬ್ಬಿದಿರನ್ನು ಅವರು ಆರಿಸುತ್ತಿರಲಿಲ್ಲ, ಒಳಗೆ ಹೆಚ್ಚು ಟೊಳ್ಳಿಲ್ಲದ ಗಟ್ಟಿಬಿದಿರೇ ಬೇಕು. ಅಮಾವಾಸ್ಯೆಯ ಕಡೆಗೆ ಕಡಿದ ಬಿದಿರಿಗೆ ಹುಳು ಹಿಡಿಯದೆಂದು ನಂಬಿಕೆ. ಕಡಿದದ್ದನ್ನು ಕೆಲವು ವಾರ ಕೆರೆಯ ನೀರಿನಲ್ಲಿ ಮುಳುಗಿಸಿಡುವುದು ರೂಢಿ. ನಂಬಿಕೆಯ ವಿಷಯ ಹೇಗಾದರಿರಲಿ, ನೀರಿನಲ್ಲಿ ನೆನೆದ ಬಿದಿರಿನ ಹಿಟ್ಟಿನಂಶ ಕರಗಿಹೋಗಿ ಕುಟ್ಟೆಹುಳುವಿಗೆ ಅದರಲ್ಲಿ ಆಹಾರವಿಲ್ಲದಾಗುವುದು ದಿಟ. ಗಳಕ್ಕೆ ತೂತು ಕೊರೆಯುವುದರಲ್ಲಿಯೇ ಕುಶಲತೆಯಿರುವುದು: ತೂತು ಗೆಣ್ಣಿಗೆ ಹತ್ತಿರವಿರಬೇಕು, ಗೆಣ್ಣುಗಳ ನಡುವೆ ಬಂದರೆ ಗಳ ಉದ್ದಕ್ಕೂ ಸೀಳುವುದು, ಅಡ್ಡಗೋಲು ತೂತಿಗೆ ಬಿಗಿಯಾಗಿ ಕೂತು ಆಚೆಗೆ ಎರಡು ಬೆರಳು ಚಾಚಿರಬೇಕು. ಕೆಳಗೆ ಅಗಲ, ಮೇಲೆ ಕಿರಿದು. ಅಂಗಡಿಯಲ್ಲಿ ಇಂದು ದೊರೆಯುವ ಏಣಿಗಳು ತಲೆಯಿಂದ ಕಾಲಿನವರೆಗೆ ಒಂದೇ ಅಗಲವಾಗಿರುವುದನ್ನು ಕಂಡಾಗ, ಅವನ್ನು ಮಾಡಿದವರು ಸಿಮೆಂಟಿನ ನೆಲವನ್ನಷ್ಟೇ ಕಂಡವರೋ ಎಂದು ಸಂಶಯ ಬರುವುದು.

ಏಣಿ ಮೇಲಕ್ಕೇ ಹೋಗಬೇಕೆಂದಿಲ್ಲ. ೧೮೦೦-೦೧ರಲ್ಲಿ ಮೈಸೂರು ಸೀಮೆಯನ್ನೆಲ್ಲ ಸುತ್ತಿ, ಹರಿಹರ ದಾವಣಗೆರೆಗಳನ್ನೂ ಹಾದುಹೋದ ಫ್ರಾನ್ಸಿಸ್ ಬುಕಾನನ್ ತನ್ನ ಪ್ರವಾಸಕಥನದಲ್ಲಿ ಧಾನ್ಯವನ್ನು ನೆಲದೊಳಗೆ ಕೂಡಿಡುವ ಹಗೇವುಗಳನ್ನು ವರ್ಣಿಸಿದ್ದಾನೆ. ಬಾಯಿ ಕಿರಿದು, ಹೊಟ್ಟೆ ಹಿರಿದಾದ ಈ ಭೂಗರ್ಭದ ಕಣಜಗಳಿಗೆ ಒಳಗೋಡೆಗೆ ಹುಲ್ಲು ಹೊದಿಸಿ, ರಾಗಿಯನ್ನೋ ಜೋಳವನ್ನೋ ತುಂಬಿ, ಬಾಯಿಗೆ ಚಪ್ಪಡಿ ಮುಚ್ಚಿ ಮಣ್ಣು ಮೆತ್ತಿದರೆ ವರ್ಷಾನುವರ್ಷ ಕೆಡದು. ಬರದ ಜಗಳೂರಿನಂಥ ಕಡೆ ಊರಿನ ಆಯುಸ್ಸೇ ಅದರಲ್ಲಿರುತ್ತಿತ್ತು. ಹಗೇವು ತೆಗೆದ ಕೂಡಲೆ ಯಾರೂ ಇಳಿಯುತ್ತಿರಲಿಲ್ಲ. ಉಸಿರಾಡುವ ಕಾಳು ಒಳಗಿನ ಗಾಳಿಯನ್ನೆಲ್ಲ ವಿಷವಾಗಿಸಿರುತ್ತದೆ. ಬಾಯಿ ತೆರೆದು ಬಹಳ ಹೊತ್ತು ಬಿಟ್ಟು, ಹಗ್ಗಕ್ಕೆ ದೀಪ ಕಟ್ಟಿ ಇಳಿಬಿಟ್ಟು, ದೀಪ ಆರಿದರೆ ಮತ್ತಷ್ಟು ಕಾದು, ಆರದಿದ್ದರೆ ಏಣಿಯನ್ನು ಇಳಿಸುವರು. ಇಲ್ಲಿ ಏಣಿಯ ಕಾಲು ನಿಲ್ಲುವುದು ನೆಲದ ಮೇಲಲ್ಲ, ಕಾಳಿನ ಮೇಲೆ. ಅದಕ್ಕಿಂತ ವಿಷಮವಾದ ನೆಲ ಲೋಕದಲ್ಲಿ ಇನ್ನೊಂದಿರಲಾರದು. ಆದುದರಿಂದ ಅದರ ತಲೆಯನ್ನು ಹಗೇವಿನ ಬಾಯಿಯ ಮೇಲೆ ಅಡ್ಡವಿಟ್ಟ ತೊಲೆಗೆ ಕಟ್ಟಿ ತೂಗಬಿಡುತ್ತಿದ್ದರು.

ಕೋಟೆಕೊತ್ತಲಗಳ ಕಾಲದಲ್ಲಿ ಏಣಿಗೆ ಕ್ರೂರವಾದ ಒಂದು ಉಪಯೋಗವೂ ಇದ್ದಿತು. ಏಣಿ ಹಚ್ಚಿ ಲಗ್ಗೆ ಹತ್ತುವುದೆಂಬುದು ಯುದ್ಧದ ಒಂದು ಕ್ರಮ. ಬಸವಾಪಟ್ಟಣದ ನಾಯಕರೂ ಚಿತ್ರದುರ್ಗದ ನಾಯಕರೂ ಇದ್ದ ಈ ಸೀಮೆಯಲ್ಲಿ ಅದು ಅಪರಿಚಿತವಲ್ಲ. ಹೊನ್ನಾಳಿಯ ಕೋಟೆ ೧೮೩೦-೩೧ರ ನಗರ ಸೀಮೆಯ ದಂಗೆಯಲ್ಲಿ ರಕ್ತವನ್ನು ಕಂಡಿತು. ಆ ದಂಗೆಯ ನೆಪದಲ್ಲಿಯೇ ೧೮೩೧ರ ಅಕ್ಟೋಬರಿನಲ್ಲಿ ಮೈಸೂರಿನ ಆಡಳಿತ ಮುಮ್ಮಡಿ ಕೃಷ್ಣರಾಜ ಒಡೆಯರ ಕೈಯಿಂದ ಇಂಗ್ಲಿಷರ ಕೈಗೆ ಹೋಯಿತು. ರಾಜ್ಯಗಳ ಏಣಿಯಾಟ ನನ್ನ ವಿಷಯವಲ್ಲ, ತೋಟಕ್ಕೇ ಮರಳುತ್ತೇನೆ.

ಅಡಿಕೆಯ ಮರಕ್ಕೆ ಏಣಿ ಸಾಲದು. ಅರವತ್ತಡಿ ಏರಿದ ಮರಕ್ಕೆ ಕಾಲುಗಳಿಗೆ ತಳೆ ಸಿಕ್ಕಿಸಿಕೊಂಡು ಮೈಯಿಂದಲೇ ಏರಬೇಕು. ಒಂದು ಮರದ ನೆತ್ತಿಯಿಂದ ಇನ್ನೊಂದಕ್ಕೆ ತೂಗಿಕೊಂಡು ದಾಟುವ ಕೊನೆಗಾರರ ಸಾಹಸ ಬೇರೆಯೇ ಒಂದು ಚರಿತ್ರೆ. ೧೯೦೮ರಲ್ಲಿ ಮೈಸೂರು ಸರ್ಕಾರದ ಸೇವೆಗೆ ಬಂದ ಕೆನಡಾದ ಲೆಸ್ಲಿ ಕೋಲ್ಮನ್ ಮಲೆನಾಡಿನ ಕೊಳೆರೋಗದ ಮೂಲವನ್ನು ಪತ್ತೆಹಚ್ಚಿ ೧೯೧೦ರಲ್ಲಿ ಅದರ ಮೇಲೆ ಗ್ರಂಥ ಬರೆದು, ಬೋರ್ಡೋ ದ್ರಾವಣವನ್ನು ಸಿಂಪಡಿಸುವುದನ್ನು ಕಲಿಸಿದ ಮೇಲೆ, ಮಳೆಗಾಲದಲ್ಲಿ ಪಾಚಿಗಟ್ಟಿದ ಮರವನ್ನು ಏರುವ ಕೆಲಸವೂ ಆ ಕೊನೆಗಾರರ ಪಾಲಿಗೇ ಬಂದಿತು. ಚನ್ನಗಿರಿಯ ಕಡೆ ಮೊದಲು ಅಡಿಕೆ ಇದ್ದದ್ದು ಸೂಳೆಕೆರೆಯ ಸಿದ್ಧನ ತೂಬು, ಬಸವನ ತೂಬುಗಳ ನೀರು ಮುಟ್ಟಿದಷ್ಟು ದೂರ, ಇಲ್ಲವೆ ಸಣ್ಣಪುಟ್ಟ ಕೆರೆಗಳ ಕೆಳಗೆ. ಲಕ್ಕವಳ್ಳಿಯಲ್ಲಿ ಭದ್ರೆಗೆ ಕಟ್ಟಿದ ಅಣೆಕಟ್ಟು ೧೯೬೫ರಲ್ಲಿ ಮುಗಿದು ನಾಲೆಯ ನೀರು ಬಂದ ಮೇಲೆ, ಮೊದಲು ಬತ್ತ, ಆಮೇಲೆ ಕೊಳವೆಬಾವಿಗಳ ಬಲವೂ ಕೂಡಿ ಅಡಿಕೆ, ಹೊಲದಿಂದ ಹೊಲಕ್ಕೆ ದಾಟುತ್ತ ಹೋದುವು. ಇಂದು ಚನ್ನಗಿರಿಯೆಂದರೆ ಅಡಿಕೆಯೆಂದೇ ವ್ಯವಹಾರ. ಖೇಣಿದಾರರು ಫಸಲು ಮರದ ಮೇಲಿರುವಾಗಲೇ ತೋಟವನ್ನು ಹಿಡಿಯುತ್ತಾರೆ, ಫೈಬರಿನ ಉದ್ದನೆಯ ದೋಟಿ ಹಿಡಿದವನು ನೆಲದ ಮೇಲೆಯೇ ನಿಂತು ಗೊನೆ ಇಳಿಸುತ್ತಾನೆ. ಏರುವ ವಿದ್ಯೆ ಕತ್ತೆತ್ತಿ ನೋಡುವ ವಿದ್ಯೆಯಾಗಿದೆ. ಅದರಿಂದ ಉಳಿದಿರುವ ಪ್ರಾಣಗಳನ್ನು ನೆನೆದರೆ ಇದಕ್ಕಾಗಿ ನಿಟ್ಟುಸಿರುಬಿಡುವುದು ಸಲ್ಲ.

ಪೇಟೆಯಲ್ಲಿ ಏಣಿಯನ್ನು ಕೊನೆಯವರೆಗೆ ಹೊತ್ತವರು ದೀಪದವರು. ಬೆಂಗಳೂರಿನ ಬೀದಿಗಳಿಗೆ ೧೯೦೫ರ ಆಗಸ್ಟಿನಲ್ಲಿಯೇ ವಿದ್ಯುತ್ತು ಬಂದಿತಾದರೂ, ಸಂಸ್ಥಾನದ ಸಣ್ಣ ಊರುಗಳಲ್ಲಿ ಬಹುಕಾಲ ಸೀಮೆಎಣ್ಣೆಯ ಕಂದೀಲುಗಳೇ ಕಂಬಗಳ ಮೇಲೆ ಉರಿದುವು. ಸಂಜೆಗೊಮ್ಮೆ ಏಣಿಯನ್ನು ಹೆಗಲಿಗೇರಿಸಿ, ಕೈಯಲ್ಲಿ ಎಣ್ಣೆಯ ಡಬ್ಬಿ ಹಿಡಿದು ಬರುವ ಮನುಷ್ಯನನ್ನು ನೋಡಿ ಹೊತ್ತು ತಿಳಿಯುತ್ತಿದ್ದೆವೆಂದು ನಮ್ಮ ಹಿರಿಯರು ಹೇಳುತ್ತಿದ್ದರು. ಜೋಗದಲ್ಲಿ ೧೯೪೮ರಲ್ಲಿ ವಿದ್ಯುದಾಗಾರ ಪ್ರಾರಂಭವಾಗಿ ತಂತಿಗಳು ಹಳ್ಳಿಗಳತ್ತ ಹೊರಟ ಮೇಲೆ ಆ ಏಣಿಯನ್ನು ಲೈನ್‌ಮನ್ ವಹಿಸಿಕೊಂಡ. ಸೈಕಲ್ಲಿನ ಪಕ್ಕಕ್ಕೆ ಏಣಿ ಕಟ್ಟಿಕೊಂಡು, ಮುಂದೆ ಹೋಗುವವರಿಗೆ ಕೊಂಬೂ ಹಿಂದೆ ಬರುವವರಿಗೆ ಬಾಲವೂ ತಾಗದಂತೆ ಸಂತೆಯ ಜನರ ನಡುವೆ ನುಸುಳುತ್ತಿದ್ದ ಆತನನ್ನು ನಾನೇ ಕಂಡಿದ್ದೇನೆ. ಬಿದಿರಿನ ಏಣಿಗೆ ಆತ ಅಂಟಿಕೊಂಡದ್ದಕ್ಕೆ ಕಾರಣವಿತ್ತು: ಒಣಗಿದ ಬಿದಿರು ವಿದ್ಯುತ್ತನ್ನು ಸುಲಭವಾಗಿ ಹಾಯಿಸದು, ಅಲ್ಯೂಮಿನಿಯಮ್ ಹಾಯಿಸುವುದು. ಮಳೆಯಲ್ಲಿ ನೆನೆದ ಬಿದಿರಿಗೆ ಆ ಸದ್ಗುಣವೂ ಉಳಿಯುವುದಿಲ್ಲ. ತೋಟದ ಮೇಲೆ ತಂತಿ ಹಾದುಹೋಗುವ ಈ ದಿನಗಳಲ್ಲಿ ಹೊಳೆಯುವ ಏಣಿಯನ್ನು ಹೆಗಲ ಮೇಲೆ ನೆಟ್ಟಗೆ ಹಿಡಿದು ನಡೆಯುವವರನ್ನು ಕಂಡರೆ ಎದೆ ಝಲ್ಲೆನ್ನುವುದು; ಅಡ್ಡಲಾಗಿ ಹಿಡಿದು ನಡೆಯಬಾರದೇ ಎಂದು ಎಷ್ಟು ಸಲ ಹೇಳಿದ್ದೇನೋ.

ಕಳೆದ ಶ್ರಾವಣದಲ್ಲಿ ನದಿಯಂಚಿನ ಒಂದು ಎಲೆತೋಟಕ್ಕೆ ಹೋಗಿದ್ದೆ. ಚಪ್ಪಲಿಯನ್ನು ಬೇಲಿಯ ಹೊರಗೆ ಬಿಟ್ಟು ಒಳಗೆ ಹೋದಾಗ ಎಲೆ ಕೊಯ್ಯುವವರಲ್ಲಿ ಇಬ್ಬರು ಹುಡುಗರಿದ್ದರು, ಏಣಿ ಅಲ್ಯೂಮಿನಿಯಮಿನದು, ಅದರ ಕಾಲಿಗೆ ಕಂಪನಿಯವರು ಹಾಕಿದ್ದ ರಬ್ಬರಿನ ಬೂಟುಗಳು ಕಿತ್ತುಹೋಗಿದ್ದುವು. ದೊಡ್ಡವನು ಒಂದು ಸಾಲು ಮುಗಿಸಿ ಇಳಿದು, ಮುಂದಿನ ಗಿಡಕ್ಕೆ ಏಣಿ ಒರಗಿಸಿದ. ಮಡಿಯ ಮೇಲಿದ್ದ ಕಾಲನ್ನು ನೋಡಿ, ಏನೂ ಮಾತಾಡದೆ, ಹಿಮ್ಮಡಿಯಿಂದ ನೆಲವನ್ನು ನಾಲ್ಕು ಸಲ ಗುದ್ದಿ ಕೆದಕಿ ಅದನ್ನು ಇಳಿಬಿಟ್ಟ. ಚಿಕ್ಕವನು ಬಂದು ಕೆಳಗಿನ ಮೆಟ್ಟಿಲ ಮೇಲೆ ಪಾದ ಊರಿ ನಿಂತ. ಹಿಂದೆ ತಿರುಗಿ ನೋಡಿದರೆ, ಅವರು ಮುಗಿಸಿ ಬಂದ ಸಾಲಿನುದ್ದಕ್ಕೂ ಒಂದೊಂದು ಗಿಡದ ಬುಡದಲ್ಲಿ ಎರಡೆರಡು ಗುಳಿಗಳು, ಮಡಿಯ ಕಡೆಯದು ಆಳ, ಕಾಲುವೆಯ ಕಡೆಯದು ತೆಳು. ಕೆಲವಕ್ಕೆ ಆಗಲೇ ನೀರು ಒಸರುತ್ತಿತ್ತು.